ಮಾತ್ರೆಯೋ, ಇಂಜೆಕ್ಷನ್ನೋ, ಸ್ಪ್ರೇಯೋ: ನರಪೆಪ್ಟೈಡ್ ಔಷಧಗಳಲ್ಲಿ ಯಾವುದನ್ನು ಆರಿಸುವುದು?

ಸೆಮಾಗ್ಲುಟೈಡ್, ರಿಮೆಜೆಪ್ಯಾಂಟ್, ಎರೆನುಮ್ಯಾಬ್, ಡಾರಿಡೊರೆಕ್ಸಾಂಟ್, ಡೆಸ್ಮೊಪ್ರೆಸಿನ್. ಮೊದಲನೆಯದು ಸಕ್ಕರೆ ಕಾಯಿಲೆಗೆ ಮತ್ತು ತೂಕ ಇಳಿಸಲು, ಮುಂದಿನ ಎರಡು ಮೈಗ್ರೇನ್‌ಗೆ, ನಾಲ್ಕನೆಯದು ನಿದ್ದೆಗೆ, ಕೊನೆಯದು ಮಕ್ಕಳು ರಾತ್ರಿ ಹಾಸಿಗೆ ಒದ್ದೆ ಮಾಡದಿರಲು. ಮೇಲ್ನೋಟಕ್ಕೆ ಒಂದಕ್ಕೊಂದು ಸಂಬಂಧವೇ ಇಲ್ಲ. ಒಳಹೊಕ್ಕು ನೋಡಿದರೆ ಐದೂ ಮಾಡುವುದು ಒಂದೇ ಕೆಲಸ. ನರಕೋಶಗಳು ಸುದ್ದಿ ಮುಟ್ಟಿಸಲು ಬಳಸುವ ಯಾವುದೋ ಒಂದು ಪೆಪ್ಟೈಡ್‌ನ ದನಿಯನ್ನು ಇವು ಏರಿಸುತ್ತವೆ, ಇಲ್ಲವೇ ಅಡಗಿಸುತ್ತವೆ.

ಪೆಪ್ಟೈಡ್‌ಗಳ ಬಗ್ಗೆ ಬರುವ ಬರಹಗಳಲ್ಲಿ ಹೆಚ್ಚಿನವು ಒಂದೊಂದಕ್ಕೂ ಒಂದು ಅಡ್ಡಹೆಸರು ಅಂಟಿಸಿ ಮುಗಿಸಿಬಿಡುತ್ತವೆ. ಆಕ್ಸಿಟೋಸಿನ್ ಅಂದರೆ ಪ್ರೀತಿ, ಎಂಡಾರ್ಫಿನ್ ಅಂದರೆ ಖುಷಿ, ಗ್ರೆಲಿನ್ ಅಂದರೆ ಹಸಿವು. ಔಷಧ ಆರಿಸುವ ಹೊತ್ತಿಗೆ ಈ ಅಡ್ಡಹೆಸರುಗಳು ಯಾವ ಕೆಲಸಕ್ಕೂ ಬರುವುದಿಲ್ಲ. ಆಗ ನೋಡಬೇಕಾದ್ದು ಆ ಅಣು ಯಾವ ದಾರಿಯಲ್ಲಿ ದೇಹದೊಳಗೆ ಹೋಗುತ್ತದೆ, ಎಷ್ಟು ಹೊತ್ತು ಉಳಿಯುತ್ತದೆ, ಎಲ್ಲಿಯವರೆಗೆ ತಲುಪುತ್ತದೆ ಎಂಬುದನ್ನು. ಒಂದೇ ಪೆಪ್ಟೈಡ್‌ನ ಮೇಲೆ ಕೆಲಸ ಮಾಡುವ ಎರಡು ಔಷಧಗಳಲ್ಲಿ ಒಂದು ನಿಮಗೆ ಒಗ್ಗಿ ಇನ್ನೊಂದು ಒಗ್ಗದಿದ್ದರೆ ಕಾರಣ ಬಹುಪಾಲು ಈ ಮೂರರಲ್ಲೇ ಇರುತ್ತದೆ. ಕೊನೆಯ ತೀರ್ಮಾನ ನಿಮ್ಮನ್ನು ಪರೀಕ್ಷಿಸಿದ ವೈದ್ಯರೊಂದಿಗೆ ಕೂತು ಮಾಡಬೇಕಾದ್ದು. ಅಲ್ಲಿ ಏನು ಕೇಳಬೇಕು ಎಂಬುದಕ್ಕೆ ಈ ಬರಹ.

ಮೊದಲು ಪೆಪ್ಟೈಡ್‌ನ ಸ್ವಭಾವ

ಅಮೈನೋ ಆಮ್ಲಗಳ ಗಿಡ್ಡ ಸರಪಳಿಯೇ ಪೆಪ್ಟೈಡ್. ನರಮಂಡಲ ಬಳಸುವಂಥವು ನೂರಕ್ಕೂ ಹೆಚ್ಚಿವೆ. ಥೈರಾಯ್ಡ್ ವ್ಯವಸ್ಥೆಯನ್ನು ಚುರುಕುಗೊಳಿಸುವ ಟಿಆರ್‌ಎಚ್‌ನಲ್ಲಿ ಮೂರೇ ಅಮೈನೋ ಆಮ್ಲ. 1975ರಲ್ಲಿ ಜಾನ್ ಹ್ಯೂಸ್ ಮತ್ತು ಹ್ಯಾನ್ಸ್ ಕಾಸ್ಟರ್‌ಲಿಟ್ಸ್ ಹಂದಿಯ ಮಿದುಳಿನಲ್ಲಿ ಗುರುತಿಸಿದ ಎನ್‌ಕೆಫಲಿನ್‌ನಲ್ಲಿ 5, ಆಕ್ಸಿಟೋಸಿನ್ ಮತ್ತು ವ್ಯಾಸೊಪ್ರೆಸಿನ್‌ನಲ್ಲಿ 9, ಮೈಗ್ರೇನ್‌ನ ಸಿಜಿಆರ್‌ಪಿಯಲ್ಲಿ 37. ಆಕ್ಸಿಟೋಸಿನ್‌ಗೂ ವ್ಯಾಸೊಪ್ರೆಸಿನ್‌ಗೂ ಇರುವ ವ್ಯತ್ಯಾಸ ಎರಡೇ ಅಮೈನೋ ಆಮ್ಲದ್ದು. ಆದರೂ ಒಂದು ಗರ್ಭಕೋಶವನ್ನು ಬಿಗಿದು ಎದೆಹಾಲು ಇಳಿಸುತ್ತದೆ, ಇನ್ನೊಂದು ಮೂತ್ರಪಿಂಡಕ್ಕೆ ನೀರು ಬಿಡಬೇಡ ಎನ್ನುತ್ತದೆ. ಇಷ್ಟು ಹತ್ತಿರದ ನಂಟಿನಿಂದ ತೊಂದರೆಯೂ ಇದೆ: ಹೆರಿಗೆಯಲ್ಲಿ ಆಕ್ಸಿಟೋಸಿನ್ ಅತಿಯಾದರೆ ಅದು ಮೂತ್ರಪಿಂಡದಲ್ಲಿ ವ್ಯಾಸೊಪ್ರೆಸಿನ್ ಹೋಗಿ ಕೂರುವ ಜಾಗವನ್ನೂ, ಅಂದರೆ ಅದರ ಗ್ರಾಹಕವನ್ನೂ ತಟ್ಟಿ ಮೈಯಲ್ಲಿ ನೀರು ನಿಲ್ಲಿಸುವುದುಂಟು.

ಡೋಪಮೈನ್, ಸೆರೊಟೋನಿನ್‌ಗಳಿಗೂ ಪೆಪ್ಟೈಡ್‌ಗಳಿಗೂ ನಡವಳಿಕೆಯಲ್ಲಿ ದೊಡ್ಡ ಅಂತರವಿದೆ. ಡೋಪಮೈನ್ ನರದ ತುದಿಯಲ್ಲೇ ತಯಾರಾಗುತ್ತದೆ, ಪಕ್ಕದ ಕೋಶಕ್ಕೆ ಸುದ್ದಿ ಮುಟ್ಟಿಸುತ್ತದೆ, ಮತ್ತೆ ಅದೇ ತುದಿಯೊಳಕ್ಕೆ ಹೀರಲ್ಪಡುತ್ತದೆ. ಪೆಪ್ಟೈಡ್ ತಯಾರಾಗುವುದು ದೂರದ ಕೋಶಕಾಯದಲ್ಲಿ. ಮೊದಲು ಒಂದು ದೊಡ್ಡ ಪ್ರೋಟೀನ್ ಕಟ್ಟಿ, ಕಿಣ್ವಗಳಿಂದ ತುಂಡರಿಸಿ, ಚೀಲಗಳಲ್ಲಿ ತುಂಬಿ, ನರತಂತುವಿನುದ್ದಕ್ಕೂ ಸಾಗಿಸಬೇಕು. ಪಿಒಎಂಸಿ ಎಂಬ ಒಂದೇ ಪ್ರೋಟೀನನ್ನು ಮಿದುಳಿನ ಬುಡದ ಪಿಟ್ಯುಟರಿ ಗ್ರಂಥಿಯ ಮುಂಭಾಗದಲ್ಲಿ ಒಂದು ಬಗೆಯಲ್ಲಿ ಕತ್ತರಿಸಿದರೆ ಒತ್ತಡದ ಹಾರ್ಮೋನು ಎಸಿಟಿಎಚ್ ಸಿಗುತ್ತದೆ. ಮಿದುಳಿನ ಹೈಪೋಥಾಲಮಸ್ ಭಾಗದಲ್ಲಿ ಇನ್ನಷ್ಟು ಕತ್ತರಿಸಿದರೆ ಹಸಿವು ತಣಿಸುವ ಆಲ್ಫಾ-ಎಂಎಸ್‌ಎಚ್ ಮತ್ತು ನೋವು ತಗ್ಗಿಸುವ ಬೀಟಾ-ಎಂಡಾರ್ಫಿನ್ ಸಿಗುತ್ತವೆ. ಚೀಲಗಳು ಬಾಯಿಬಿಡುವುದು ನರಕೋಶ ಬಿಟ್ಟೂಬಿಡದೆ ಮಿಡಿದಾಗ. ಹೊರಬಂದ ಪೆಪ್ಟೈಡ್ ಆಚೀಚೆ ಹರಡಿ ಬಹಳ ಕಡಿಮೆ ಪ್ರಮಾಣದಲ್ಲೇ ನಿಮಿಷಗಟ್ಟಲೆ ಕೆಲಸ ಮಾಡುತ್ತದೆ. ಡೋಪಮೈನ್‌ನದು ಕಿವಿಯಲ್ಲಿ ಪಿಸುಗುಟ್ಟಿದಂತಾದರೆ ಪೆಪ್ಟೈಡ್‌ನದು ಕೇರಿಗೆಲ್ಲ ಡಂಗುರ ಸಾರಿದಂತೆ.

ಮುಖ್ಯವಾದ ಮಾತೆಂದರೆ, ಹೊರಬಿಟ್ಟ ಪೆಪ್ಟೈಡನ್ನು ನರಕೋಶ ಮತ್ತೆ ಹೀರಿಕೊಳ್ಳುವುದಿಲ್ಲ. ಕಿಣ್ವಗಳು ಅದನ್ನು ಅಲ್ಲೇ ತುಂಡರಿಸುತ್ತವೆ. ಖಿನ್ನತೆಯ ಹಲವು ಮಾತ್ರೆಗಳು ಸೆರೊಟೋನಿನ್‌ನ ಮರುಹೀರಿಕೆಯನ್ನು ತಡೆದು ಕೆಲಸ ಮಾಡುತ್ತವಲ್ಲ, ಆ ಉಪಾಯ ಇಲ್ಲಿ ನಡೆಯದು. ಹಾಗಾಗಿ ಔಷಧ ತಯಾರಕರಿಗೆ ಉಳಿದದ್ದು ನಾಲ್ಕು ದಾರಿ.

ನಾಲ್ಕು ದಾರಿ

ಪೆಪ್ಟೈಡನ್ನೇ ಕೊಡುವುದು ಮೊದಲನೆಯದು. ನುಂಗಿದರೆ ಹೊಟ್ಟೆಯ ಲೆಕ್ಕಕ್ಕೆ ಅದು ಬರೀ ಪ್ರೋಟೀನು, ಜೀರ್ಣವಾಗಿಹೋಗುತ್ತದೆ. ರಕ್ತಕ್ಕೆ ಚುಚ್ಚಿದರೂ ಹೆಚ್ಚಿನವು ಕೆಲವೇ ನಿಮಿಷ ಬಾಳುತ್ತವೆ. ರಕ್ತದಿಂದ ಮಿದುಳಿಗೆ ಹೋಗಬೇಕೆಂದರೆ ರಕ್ತ-ಮಿದುಳು ತಡೆ ಅಡ್ಡ ಬರುತ್ತದೆ. ಆದ್ದರಿಂದ ಮೂಲ ಪೆಪ್ಟೈಡಿಗೆ ರಿಪೇರಿ ಮಾಡಿಯೇ ಕೊಡಬೇಕು. ಈ ರಿಪೇರಿ ಹೇಗಿರುತ್ತದೆ ಎಂಬುದಕ್ಕೆ ಜಿಎಲ್‌ಪಿ-1ಕ್ಕಿಂತ ಒಳ್ಳೆಯ ಉದಾಹರಣೆ ಸಿಗಲಿಕ್ಕಿಲ್ಲ. ಊಟ ಕರುಳಿಗೆ ಇಳಿದಾಗ ಅಲ್ಲಿನ ಎಲ್ ಕೋಶಗಳು ಇದನ್ನು ಬಿಡುತ್ತವೆ; ಮಿದುಳುಕಾಂಡದ ಕೆಲವು ನರಕೋಶಗಳೂ ತಯಾರಿಸುತ್ತವೆ. ರಕ್ತದಲ್ಲಿ ಅರ್ಧಕ್ಕೆ ಇಳಿಯಲು ಹಿಡಿಯುವ ಸಮಯ, ಅಂದರೆ ಅರ್ಧಾಯು, ಸುಮಾರು 2 ನಿಮಿಷ. ಡಿಪಿಪಿ-4 ಎಂಬ ಕಿಣ್ವ ಅದರ ತಲೆಯ ಕಡೆಯ ಎರಡು ಅಮೈನೋ ಆಮ್ಲಗಳನ್ನು ಕತ್ತರಿಸಿ ಹಾಕುತ್ತದೆ. ಸೆಮಾಗ್ಲುಟೈಡ್ ಮಾಡಿದವರು ಆ ಎರಡನೆಯ ಅಮೈನೋ ಆಮ್ಲವನ್ನು ಬದಲಿಸಿ ಕಿಣ್ವಕ್ಕೆ ಕಚ್ಚಲು ಜಾಗವಿಲ್ಲದಂತೆ ಮಾಡಿದರು. ಸರಪಳಿಯ ನಡುವೆ ಒಂದು ಕೊಬ್ಬಿನಾಮ್ಲದ ಬಾಲ ಕಟ್ಟಿ ರಕ್ತದ ಆಲ್ಬುಮಿನ್‌ಗೆ ಅಂಟಿಕೊಳ್ಳುವಂತೆ ಮಾಡಿದರು. ಅರ್ಧಾಯು 2 ನಿಮಿಷದಿಂದ ಸುಮಾರು ಒಂದು ವಾರಕ್ಕೆ ಏರಿತು. ವಾರಕ್ಕೊಂದೇ ಚುಚ್ಚುಮದ್ದು ಸಾಕಾಗುವುದು ಇದರಿಂದ.

ಎರಡನೆಯ ದಾರಿ, ಪೆಪ್ಟೈಡ್ ಹೋಗಿ ಕೂರುವ ಗ್ರಾಹಕವನ್ನು ಹಿಡಿಯುವ ಸಣ್ಣ ರಾಸಾಯನಿಕ ಅಣು. ಇದು ಪೆಪ್ಟೈಡ್ ಅಲ್ಲ. ಹೊಟ್ಟೆಯಲ್ಲಿ ಹಾಳಾಗದು, ಮಾತ್ರೆಯಾಗಿ ನುಂಗಬಹುದು. ಗ್ರಾಹಕವನ್ನು ಮುಚ್ಚುವ ಮಾತ್ರೆ ಮಾಡುವುದು ತುಸು ಸುಲಭ, ಅದನ್ನು ಎಚ್ಚರಿಸುವ ಮಾತ್ರೆ ಮಾಡುವುದು ಕಷ್ಟ. ಮಾರುಕಟ್ಟೆಯಲ್ಲಿರುವ ಇಂಥ ಮಾತ್ರೆಗಳಲ್ಲಿ ಹೆಚ್ಚಿನವು ತಡೆಯುವ ಮಾತ್ರೆಗಳೇ ಆಗಿರುವುದು ಅದಕ್ಕೆ. ಮೂರನೆಯದು ಪ್ರತಿಕಾಯ: ಪೆಪ್ಟೈಡನ್ನು ಅಥವಾ ಅದರ ಗ್ರಾಹಕವನ್ನು ಹುಡುಕಿ ಹಿಡಿದುಕೊಳ್ಳುವ ದೊಡ್ಡ ಪ್ರೋಟೀನು. ಒಮ್ಮೆ ಚುಚ್ಚಿದರೆ ತಿಂಗಳುಗಟ್ಟಲೆ ಇರುತ್ತದೆ, ಆದರೆ ಮಿದುಳಿನೊಳಗೆ ಹೆಚ್ಚೂಕಡಿಮೆ ಹೋಗುವುದೇ ಇಲ್ಲ. ನಾಲ್ಕನೆಯದು, ಪೆಪ್ಟೈಡನ್ನು ತುಂಡರಿಸುವ ಕಿಣ್ವವನ್ನೇ ತಡೆಯುವುದು.

ಇವು ಬಿಟ್ಟರೆ ಅಪರೂಪದ ಐದನೆಯದೂ ಒಂದಿದೆ, ಬೆನ್ನುಹುರಿಯ ದ್ರವಕ್ಕೇ ನೇರವಾಗಿ ಹರಿಸುವುದು. ಶಂಕುಬಸವನಹುಳುವಿನ ವಿಷದಿಂದ ಬಂದ 25 ಅಮೈನೋ ಆಮ್ಲದ ಜಿಕೊನೊಟೈಡ್ ಹಾಗೆ ಕೊಡುವ ನೋವಿನ ಔಷಧ. ಬೇರೇನೂ ಕೆಲಸ ಮಾಡದ ತೀವ್ರ ನೋವಿಗೆ ಮಾತ್ರ, ಪಂಪ್ ಅಳವಡಿಸಿ. ಇದು ಅಂಗಡಿಗೆ ಹೋಗಿ ಆರಿಸುವ ಸರಕಲ್ಲ.

ಮೈಗ್ರೇನ್: ಆಯ್ಕೆ ನಿಜಕ್ಕೂ ಕಷ್ಟವಾಗುವ ಜಾಗ

ಮುಖ ಮತ್ತು ತಲೆಯ ಹೊದಿಕೆಯ ನೋವನ್ನು ಒಯ್ಯುವ ಟ್ರೈಜೆಮಿನಲ್ ನರ ಮೈಗ್ರೇನ್ ದಾಳಿಯಲ್ಲಿ ಸಿಜಿಆರ್‌ಪಿಯನ್ನು ಹೊರಬಿಡುತ್ತದೆ. ಅದು ರಕ್ತನಾಳಗಳನ್ನು ಹಿಗ್ಗಿಸುತ್ತದೆ, ನೋವಿನ ನರವನ್ನು ಇನ್ನಷ್ಟು ಸೂಕ್ಷ್ಮ ಮಾಡುತ್ತದೆ. ಮೈಗ್ರೇನ್ ಇರುವವರ ರಕ್ತಕ್ಕೆ ಸಿಜಿಆರ್‌ಪಿ ಹರಿಸಿದರೆ ಹಲವರಲ್ಲಿ ದಾಳಿಯೇ ಶುರುವಾಗುತ್ತದೆ. ಈ ಕತೆ ಬಿಡಿಸಿದ ಲಾರ್ಸ್ ಎಡ್ವಿನ್ಸನ್, ಪೀಟರ್ ಗೋಡ್ಸ್‌ಬಿ, ಮೈಕೆಲ್ ಮಾಸ್ಕೊವಿಟ್ಜ್ ಮತ್ತು ಯೆಸ್ ಓಲೆಸೆನ್ ಅವರಿಗೆ 2021ರ ಬ್ರೇನ್ ಪ್ರೈಜ್ ಬಂತು.

ಮೊದಲು ಬೇರೆ ಮಾಡಿಕೊಳ್ಳಬೇಕಾದ್ದು ಎರಡು ಅಗತ್ಯಗಳನ್ನು: ಬಂದ ನೋವನ್ನು ನಿಲ್ಲಿಸುವುದು ಮತ್ತು ಬರದಂತೆ ತಡೆಯುವುದು.

ಬಂದ ನೋವಿಗೆ ಹಳೆಯ ಟ್ರಿಪ್ಟಾನ್‌ಗಳೂ ಇವೆ, ಹೊಸ ಜೆಪ್ಯಾಂಟ್‌ಗಳೂ ಇವೆ. ಟ್ರಿಪ್ಟಾನ್ ಸೆರೊಟೋನಿನ್ ಗ್ರಾಹಕದ ಮೂಲಕ ಸಿಜಿಆರ್‌ಪಿಯ ಬಿಡುಗಡೆಯನ್ನು ತಗ್ಗಿಸುತ್ತದೆ, ಜೊತೆಗೆ ರಕ್ತನಾಳವನ್ನು ಕುಗ್ಗಿಸುತ್ತದೆ. ಜೆಪ್ಯಾಂಟ್ ಸಿಜಿಆರ್‌ಪಿ ಗ್ರಾಹಕವನ್ನು ಮುಚ್ಚುತ್ತದೆ, ನಾಳವನ್ನು ಕುಗ್ಗಿಸುವುದಿಲ್ಲ. ಹೊಸದು ಎಂದಾಕ್ಷಣ ಹೆಚ್ಚು ಬಲಶಾಲಿ ಎಂದುಕೊಳ್ಳಬೇಡಿ. ಬಾಯಲ್ಲಿ ಕರಗುವ ರಿಮೆಜೆಪ್ಯಾಂಟ್‌ನ 2019ರ ದೊಡ್ಡ ಪ್ರಯೋಗದಲ್ಲಿ ಎರಡು ಗಂಟೆಯೊಳಗೆ ನೋವು ಪೂರ್ತಿ ಹೋದದ್ದು ಶೇ 21 ಜನರಿಗೆ; ಬರೀ ಪ್ಲಾಸಿಬೊ, ಅಂದರೆ ಔಷಧವಿಲ್ಲದ ತೋರಿಕೆಯ ಮಾತ್ರೆ, ತೆಗೆದುಕೊಂಡವರಲ್ಲಿ ಶೇ 11 ಜನರಿಗೆ. 2024ರಲ್ಲಿ ಬಿಎಂಜೆ ಎಂಬ ವೈದ್ಯಕೀಯ ಪತ್ರಿಕೆಯಲ್ಲಿ ಬಂದ ಒಟ್ಟು ವಿಶ್ಲೇಷಣೆಯಲ್ಲೂ ಎಲೆಟ್ರಿಪ್ಟಾನ್, ರಿಜಾಟ್ರಿಪ್ಟಾನ್, ಸುಮಾಟ್ರಿಪ್ಟಾನ್, ಜೊಲ್ಮಿಟ್ರಿಪ್ಟಾನ್‌ಗಳೇ ಹೊಸ ಮಾತ್ರೆಗಳಿಗಿಂತ ಮುಂದಿದ್ದವು. ಹೃದಯ ಸರಿಯಿರುವವರು ಟ್ರಿಪ್ಟಾನ್‌ನಿಂದ ಶುರುಮಾಡುವುದರಲ್ಲಿ ಅರ್ಥವಿದೆ. ಹೃದಯದ ರಕ್ತನಾಳದ ಕಾಯಿಲೆ ಇದ್ದವರಿಗೆ, ಪಾರ್ಶ್ವವಾಯು ಆಗಿದ್ದವರಿಗೆ ಟ್ರಿಪ್ಟಾನ್ ಸಲ್ಲದು. ಅಲ್ಲಿ ಜೆಪ್ಯಾಂಟ್‌ಗೆ ಬೆಲೆ ಬರುತ್ತದೆ. ಇನ್ನೊಂದು ಸಂದರ್ಭವೂ ಇದೆ. ತಿಂಗಳಿಗೆ ಹತ್ತು ದಿನ ಅಥವಾ ಹೆಚ್ಚು ಟ್ರಿಪ್ಟಾನ್ ನುಂಗುತ್ತಾ ಹೋದರೆ ಆ ಮಾತ್ರೆಯೇ ತಲೆನೋವು ತರತೊಡಗುತ್ತದೆ. ಜೆಪ್ಯಾಂಟ್‌ಗಳಲ್ಲಿ ಈ ಕಾಟ ಕಂಡುಬಂದಿಲ್ಲ. ರಿಮೆಜೆಪ್ಯಾಂಟನ್ನು ದಿನ ಬಿಟ್ಟು ದಿನ ತೆಗೆದುಕೊಂಡು ತಡೆಗಟ್ಟುವ ಔಷಧವಾಗಿಯೂ ಬಳಸಲು ಸಾಧ್ಯವಾಗಿರುವುದು ಅದರಿಂದಲೇ.

ತಡೆಗಟ್ಟುವ ವಿಚಾರಕ್ಕೆ ಬಂದರೆ ಹೋಲಿಕೆ ಬೇರೆಯೇ ಆಗುತ್ತದೆ. ಪ್ರೊಪ್ರನಲಾಲ್, ಅಮಿಟ್ರಿಪ್ಟಿಲಿನ್, ಟೊಪಿರಮೇಟ್ ಹಳೆಯವು, ಅಗ್ಗದವು. ಯಾವುವೂ ಮೈಗ್ರೇನ್‌ಗೆಂದು ಹುಟ್ಟಿದವಲ್ಲ. ಪರಿಣಾಮ ಇಲ್ಲವೆಂದಲ್ಲ, ತಡೆದುಕೊಳ್ಳುವುದು ಕಷ್ಟ. ಸಿಜಿಆರ್‌ಪಿ ಗ್ರಾಹಕವನ್ನು ಹಿಡಿಯುವ ಪ್ರತಿಕಾಯ ಎರೆನುಮ್ಯಾಬ್ ಮತ್ತು ಟೊಪಿರಮೇಟ್‌ಗಳನ್ನು ನೇರ ಹೋಲಿಸಿದ ಪ್ರಯೋಗವೊಂದರಲ್ಲಿ 777 ಜನರಿದ್ದರು. ಅಡ್ಡಪರಿಣಾಮ ತಾಳಲಾರದೆ ಬಿಟ್ಟವರು ಟೊಪಿರಮೇಟ್ ಗುಂಪಿನಲ್ಲಿ ಶೇ 38.9, ಎರೆನುಮ್ಯಾಬ್ ಗುಂಪಿನಲ್ಲಿ ಶೇ 10.6. ಪ್ರತಿಕಾಯಗಳ ಪರವಾಗಿ ಇದಕ್ಕಿಂತ ಗಟ್ಟಿಯಾದ ವಾದ ನನಗೆ ಗೊತ್ತಿಲ್ಲ.

ಪ್ರತಿಕಾಯ ಮಿದುಳಿಗೆ ಹೋಗದಿದ್ದರೆ ಮೈಗ್ರೇನ್‌ನಲ್ಲಿ ಹೇಗೆ ಕೆಲಸ ಮಾಡುತ್ತದೆ? ಟ್ರೈಜೆಮಿನಲ್ ನರದ ಗ್ಯಾಂಗ್ಲಿಯನ್ (ನರಕೋಶಗಳ ಗಂಟು) ಮತ್ತು ಮಿದುಳಿನ ಹೊದಿಕೆಯ ರಕ್ತನಾಳಗಳು ರಕ್ತ-ಮಿದುಳು ತಡೆಯ ಹೊರಗಿವೆ. ಹಿಡಿಯಬೇಕಾದ ಪೆಪ್ಟೈಡ್ ಬಾಗಿಲ ಹೊರಗೇ ಸಿಗುತ್ತದೆ.

ಹಾಗಾದರೆ ತಡೆಗಟ್ಟಲು ಪ್ರತಿಕಾಯವೋ ಜೆಪ್ಯಾಂಟ್ ಮಾತ್ರೆಯೋ? ಇಲ್ಲಿ ಅರ್ಧಾಯುವೇ ನಿರ್ಣಾಯಕ. ಎರೆನುಮ್ಯಾಬ್‌ನದು ಸುಮಾರು 28 ದಿನ, ರಿಮೆಜೆಪ್ಯಾಂಟ್‌ನದು ಸುಮಾರು 11 ಗಂಟೆ. ಪ್ರತಿಕಾಯವನ್ನು ತಿಂಗಳಿಗೊಮ್ಮೆ ಚುಚ್ಚಿಸಿಕೊಂಡರೆ ಸಾಕು. ಫ್ರೆಮನೆಜುಮ್ಯಾಬನ್ನು ಮೂರು ತಿಂಗಳಿಗೊಮ್ಮೆಯೂ ಕೊಡಬಹುದು, ಎಪ್ಟಿನೆಜುಮ್ಯಾಬನ್ನು ಮೂರು ತಿಂಗಳಿಗೊಮ್ಮೆ ಡ್ರಿಪ್‌ನಲ್ಲಿ ಏರಿಸುತ್ತಾರೆ. ಮಾತ್ರೆ ಮರೆಯುವವರಿಗೆ, ಹಲವು ಔಷಧ ನುಂಗುವವರಿಗೆ ಇದು ಅನುಕೂಲ, ಏಕೆಂದರೆ ಪ್ರತಿಕಾಯ ಲಿವರ್‌ನ ಕಿಣ್ವಗಳ ತಂಟೆಗೇ ಹೋಗುವುದಿಲ್ಲ. ಜೆಪ್ಯಾಂಟ್ ಹೋಗುತ್ತದೆ: ಕ್ಲಾರಿಥ್ರೊಮೈಸಿನ್, ಇಟ್ರಕೊನಜೋಲ್‌ನಂಥವುಗಳ ಜೊತೆ ಅದರ ಮಟ್ಟ ರಕ್ತದಲ್ಲಿ ಏರಿಬಿಡುತ್ತದೆ. ಆದರೆ ಗರ್ಭ ಧರಿಸುವ ಯೋಚನೆ ಇದ್ದರೆ ತಕ್ಕಡಿ ಮಾತ್ರೆಯ ಕಡೆ ವಾಲುತ್ತದೆ. ಮಾತ್ರೆ ನಿಲ್ಲಿಸಿದ ಕೆಲವೇ ದಿನಗಳಲ್ಲಿ ಮೈಯಿಂದ ಹೋಗುತ್ತದೆ. ಪ್ರತಿಕಾಯ ಪೂರ್ತಿ ಹೋಗಲು ಐದಾರು ತಿಂಗಳು ಬೇಕು. ಮೊದಲೇ ಮಲಬದ್ಧತೆ ಇರುವವರು, ರಕ್ತದೊತ್ತಡ ಹತೋಟಿಗೆ ಬಾರದವರು ಎರೆನುಮ್ಯಾಬ್ ಬಗ್ಗೆ ಎರಡು ಸಲ ಯೋಚಿಸಬೇಕು, ಅದು ಎರಡನ್ನೂ ಹೆಚ್ಚಿಸಬಹುದು. ಯಾವುದನ್ನೇ ಶುರುಮಾಡಿದರೂ ಮೂರು ತಿಂಗಳಾದರೂ ನೋಡದೆ ಕೈಬಿಡಬೇಡಿ. ಆ ಮೂರು ತಿಂಗಳು ನೋವು ಬಂದ ದಿನಗಳನ್ನು ಬರೆದಿಡಿ. ಎಂಟು ದಿನ ಬರುತ್ತಿದ್ದದ್ದು ನಾಲ್ಕಕ್ಕೆ ಇಳಿದದ್ದು ನೆನಪಿನಲ್ಲಿ ಉಳಿಯುವುದಿಲ್ಲ, ಪುಸ್ತಕದಲ್ಲಿ ಉಳಿಯುತ್ತದೆ.

ಹಸಿವು, ಸಕ್ಕರೆ, ತೂಕ

ಜಿಎಲ್‌ಪಿ-1 ಗುಂಪಿನ ಮೊದಲ ಔಷಧ ಎಕ್ಸೆನಟೈಡ್, 2005ರಲ್ಲಿ ಬಂದದ್ದು. ಗೀಲಾ ಮಾನ್‌ಸ್ಟರ್ ಎಂಬ ವಿಷದ ಹಲ್ಲಿಯ ಜೊಲ್ಲಿನ ಪೆಪ್ಟೈಡ್ ಅದರ ಮೂಲ. ದಿನಕ್ಕೆರಡು ಬಾರಿ ಚುಚ್ಚಬೇಕಿತ್ತು. ಲಿರಾಗ್ಲುಟೈಡ್‌ನಲ್ಲಿ ದಿನಕ್ಕೊಂದಾಯಿತು, ಸೆಮಾಗ್ಲುಟೈಡ್‌ನಲ್ಲಿ ವಾರಕ್ಕೊಂದು. ಟಿರ್ಜೆಪಟೈಡ್ ಕೂಡ ವಾರಕ್ಕೊಂದೇ, ಆದರೆ ಅದು ಜಿಐಪಿ ಎಂಬ ಇನ್ನೊಂದು ಕರುಳಿನ ಪೆಪ್ಟೈಡ್‌ನ ಗ್ರಾಹಕವನ್ನೂ ತಟ್ಟುತ್ತದೆ. ಇವು ಇನ್ಸುಲಿನ್ ಹೆಚ್ಚಿಸುತ್ತವೆ, ಹೊಟ್ಟೆ ಖಾಲಿಯಾಗುವುದನ್ನು ನಿಧಾನಿಸುತ್ತವೆ. ತೂಕ ಇಳಿಯುವುದರ ದೊಡ್ಡ ಪಾಲು ಮಾತ್ರ ಮಿದುಳಿನದು: ರಕ್ತ-ಮಿದುಳು ತಡೆ ಸಡಿಲವಾಗಿರುವ ಮಿದುಳುಕಾಂಡದ ಮತ್ತು ಹೈಪೋಥಾಲಮಸ್‌ನ ಕೆಲವು ಜಾಗಗಳಲ್ಲಿ ಇವು ‘ಸಾಕು’ ಎನ್ನಿಸುತ್ತವೆ. ವಾಕರಿಕೆ ಹುಟ್ಟುವುದೂ ಆ ನೆರೆಹೊರೆಯಲ್ಲೇ. ಅಡ್ಡಪರಿಣಾಮವನ್ನು ಪರಿಣಾಮದಿಂದ ಬಿಡಿಸುವುದು ಇಷ್ಟು ಕಷ್ಟವಾಗಿರುವುದು ಅದಕ್ಕೇ.

ತೂಕದ ಅಂಕಿಯನ್ನಷ್ಟೇ ನೋಡಿದರೆ ಟಿರ್ಜೆಪಟೈಡ್ ಮುಂದೆ. 2025ರಲ್ಲಿ ಬಂದ ನೇರ ಹೋಲಿಕೆಯ ಪ್ರಯೋಗದಲ್ಲಿ 72 ವಾರಕ್ಕೆ ಟಿರ್ಜೆಪಟೈಡ್ ಗುಂಪು ಸರಾಸರಿ ಶೇ 20.2 ತೂಕ ಕಳೆದುಕೊಂಡಿತು, ಸೆಮಾಗ್ಲುಟೈಡ್ ಗುಂಪು ಶೇ 13.7. ಆದರೆ ಹೃದಯಾಘಾತ ಆದವರು, ಪಾರ್ಶ್ವವಾಯು ಆದವರು ಸೆಮಾಗ್ಲುಟೈಡ್ ಪರವಾಗಿ ಇನ್ನೊಂದು ಅಂಕಿ ತೂಗಿ ನೋಡಬೇಕು. ಹೃದಯನಾಳದ ಕಾಯಿಲೆ ಇದ್ದು ಸಕ್ಕರೆ ಕಾಯಿಲೆ ಇಲ್ಲದ 17,604 ಸ್ಥೂಲಕಾಯರ ಮೇಲೆ ನಡೆದ, 2023ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ ಹೃದಯಾಘಾತ, ಪಾರ್ಶ್ವವಾಯು, ಹೃದಯ ಸಂಬಂಧಿ ಸಾವು ಒಟ್ಟಾಗಿ ಶೇ 20ರಷ್ಟು ಕಡಿಮೆಯಾದವು. ತೂಕದ ಕಾಟಾ ಮೇಲಿನ ನಾಲ್ಕಾರು ಕೆಜಿಗಿಂತ ಅದು ದೊಡ್ಡ ಮಾತು.

ಸೂಜಿ ಬೇಡ ಎನ್ನುವವರಿಗೆ ಸೆಮಾಗ್ಲುಟೈಡ್ ಮಾತ್ರೆಯಿದೆ. ಪೆಪ್ಟೈಡನ್ನು ನುಂಗಲಾಗದು ಎಂದು ಮೇಲೆ ಹೇಳಿದ್ದಕ್ಕೆ ಇದು ಅಪವಾದ, ಆದರೆ ದುಬಾರಿ ಅಪವಾದ. ಸಕ್ಕರೆ ಕಾಯಿಲೆಗೆ ಇಂಜೆಕ್ಷನ್ ಆದರೆ ಸಾಮಾನ್ಯವಾಗಿ ವಾರಕ್ಕೆ 1 ಮಿಲಿಗ್ರಾಂ ಸಾಕು. ಮೊದಲು ಬಂದ ಮಾತ್ರೆಯಾದರೆ ದಿನಕ್ಕೆ 14ರವರೆಗೆ, ಅಂದರೆ ವಾರಕ್ಕೆ 98 ಮಿಲಿಗ್ರಾಂ. ನುಂಗಿದ್ದರಲ್ಲಿ ರಕ್ತಕ್ಕೆ ಸೇರುವುದು ಶೇ 1 ಅಥವಾ ಅದಕ್ಕೂ ಕಡಿಮೆ. ಆ ಇಷ್ಟನ್ನು ಹೊಟ್ಟೆಯ ಗೋಡೆ ದಾಟಿಸಲು ಮಾತ್ರೆಯಲ್ಲಿ ಸ್ನ್ಯಾಕ್ ಎಂಬ ಇನ್ನೊಂದು ವಸ್ತುವನ್ನು ಸೇರಿಸಿದ್ದಾರೆ. ಬೆಳಗ್ಗೆ ಎದ್ದೊಡನೆ ಖಾಲಿ ಹೊಟ್ಟೆಯಲ್ಲಿ, ಅರ್ಧ ಲೋಟ ನೀರಿಗಿಂತ ಹೆಚ್ಚಿಲ್ಲದೆ ನುಂಗಿ, ಅರ್ಧ ಗಂಟೆ ಏನನ್ನೂ ತಿನ್ನದೆ ಕುಡಿಯದೆ ಇರಬೇಕು. ನೀರು ಹೆಚ್ಚಾದರೆ ಔಷಧ ತೆಳುವಾಗಿ ಗೋಡೆ ದಾಟದೆ ಉಳಿಯುತ್ತದೆ. ಈಗಾಗಲೇ ಬೆಳಗ್ಗೆ ಖಾಲಿ ಹೊಟ್ಟೆಗೆ ಥೈರಾಯ್ಡ್ ಮಾತ್ರೆ ನುಂಗುವವರಿಗೆ ಇದು ತಲೆನೋವಿನ ಕೆಲಸ; ಎರಡೂ ಅದೇ ಹೊತ್ತಿಗೆ ಕಾದಾಡುತ್ತವೆ. ಬೆಳಗಿನ ಶಿಸ್ತು ಕಷ್ಟವೆನಿಸಿದರೆ ವಾರಕ್ಕೊಂದು ಸೂಜಿಯೇ ಸಲೀಸು.

ನಾಲ್ಕನೆಯ ದಾರಿಯ ಸಿಟಾಗ್ಲಿಪ್ಟಿನ್ 2006ರಿಂದ ಇದೆ. ಡಿಪಿಪಿ-4ನ್ನು ತಡೆದು ನಿಮ್ಮದೇ ಜಿಎಲ್‌ಪಿ-1 ತುಸು ಹೆಚ್ಚು ಹೊತ್ತು ಉಳಿಯುವಂತೆ ಮಾಡುತ್ತದೆ. ಸಕ್ಕರೆ ಹದವಾಗಿ ಇಳಿಯುತ್ತದೆ, ವಾಕರಿಕೆ ಇಲ್ಲ, ತೂಕವೂ ಇಳಿಯುವುದಿಲ್ಲ. ತೂಕ ಇಳಿಯಬಾರದ ಸಣಕಲು ವೃದ್ಧರಿಗೆ ಅದೇ ಗುಣ. ಜಿಎಲ್‌ಪಿ-1 ಇಂಜೆಕ್ಷನ್ ಜೊತೆಗೆ ಇದನ್ನೂ ನುಂಗುವುದರಿಂದ ಲಾಭವಿಲ್ಲ. ಎರಡೂ ಚೀಟಿಯಲ್ಲಿದ್ದರೆ ಕೇಳಿ.

ಸೆಟ್‌ಮೆಲನೊಟೈಡ್ ಎಂಬ ಬೊಜ್ಜಿನ ಔಷಧದ ಹೆಸರೂ ಕಣ್ಣಿಗೆ ಬೀಳಬಹುದು. ಪಿಒಎಂಸಿ ಇಲ್ಲದೆ, ಅಥವಾ ಅದನ್ನು ಕತ್ತರಿಸುವ ಕಿಣ್ವವೇ ಇಲ್ಲದೆ ಹುಟ್ಟಿದ ಮಕ್ಕಳಂಥವರಿಗೆ, ಜೀನ್ ಪರೀಕ್ಷೆ ಮಾಡಿಸಿದ ಮೇಲೆ ಕೊಡುವಂಥದ್ದು. ಸಾಮಾನ್ಯ ಬೊಜ್ಜಿಗೆ ಅಲ್ಲ.

ಜಿಎಲ್‌ಪಿ-1 ಗುಂಪಿನ ಯಾವುದನ್ನು ಆರಿಸಿದರೂ ನಿಲ್ಲಿಸುವ ದಿನದ ಯೋಚನೆ ಶುರುವಿನಲ್ಲೇ ಇರಲಿ. ಸೆಮಾಗ್ಲುಟೈಡ್ ನಿಲ್ಲಿಸಿದವರು ಇಳಿದ ತೂಕದ ಮೂರನೇ ಎರಡು ಪಾಲನ್ನು ಒಂದು ವರ್ಷದಲ್ಲಿ ಮರಳಿ ಪಡೆದರು. ಮನೆಯಲ್ಲಿ ಮೆಡ್ಯುಲರಿ ಥೈರಾಯ್ಡ್ ಕ್ಯಾನ್ಸರ್ ಇದ್ದವರಿಗೆ ಇವು ಬೇಡ. ಗರ್ಭನಿರೋಧಕ ಮಾತ್ರೆ ನುಂಗುವವರು ಟಿರ್ಜೆಪಟೈಡ್ ಶುರುಮಾಡಿದ ನಾಲ್ಕು ವಾರ, ಡೋಸ್ ಏರಿಸಿದ ಪ್ರತಿ ಸಲವೂ ನಾಲ್ಕು ವಾರ ಬೇರೆ ತಡೆಯನ್ನೂ ಬಳಸಬೇಕು. ಶಸ್ತ್ರಚಿಕಿತ್ಸೆ ಇದ್ದರೆ ಅರಿವಳಿಕೆ ತಜ್ಞರಿಗೆ ತಪ್ಪದೆ ಹೇಳಿ. ಉಪವಾಸವಿದ್ದರೂ ಹೊಟ್ಟೆಯಲ್ಲಿ ಆಹಾರ ಉಳಿದಿರಬಹುದು.

ನಿದ್ದೆ

ಒರೆಕ್ಸಿನ್ 1998ರಲ್ಲಿ ಎರಡು ತಂಡಗಳಿಗೆ ಬೇರೆಬೇರೆಯಾಗಿ ಸಿಕ್ಕಿತು. ಒಂದು ತಂಡ ಅದನ್ನು ಹೈಪೋಕ್ರೆಟಿನ್ ಎಂದು ಕರೆಯಿತು. ಎಚ್ಚರವನ್ನು ಹಿಡಿದಿಡುವುದು ಇದರ ಕೆಲಸ. ಇದನ್ನು ತಯಾರಿಸುವ ಹೈಪೋಥಾಲಮಸ್‌ನ ಕೋಶಗಳು ನಾಶವಾದರೆ ಮೊದಲ ಬಗೆಯ ನಾರ್ಕೊಲೆಪ್ಸಿ ಬರುತ್ತದೆ, ಹಗಲಲ್ಲೇ ತಡೆಯಲಾಗದ ನಿದ್ದೆ.

ಒರೆಕ್ಸಿನ್ ಗ್ರಾಹಕ ಮುಚ್ಚುವ ಮಾತ್ರೆಗಳಲ್ಲಿ ಹೆಚ್ಚು ಬಳಕೆಯಲ್ಲಿರುವವು ಮೂರು: ಸುವೊರೆಕ್ಸಾಂಟ್, ಲೆಂಬೊರೆಕ್ಸಾಂಟ್, ಡಾರಿಡೊರೆಕ್ಸಾಂಟ್. ಜೊಲ್ಪಿಡೆಮ್, ಬೆಂಜೊಡಯಾಜೆಪೈನ್‌ಗಳು ಮಿದುಳನ್ನೆಲ್ಲ ಮಂಕು ಮಾಡಿ ಮಲಗಿಸುತ್ತವೆ. ಇವು ಎಚ್ಚರದ ಒಂದು ಎಳೆಯನ್ನು ಸಡಿಲಿಸುತ್ತವೆ. ಅಭ್ಯಾಸ ಅಂಟುವ ಭಯ, ನಿಲ್ಲಿಸಿದಾಗಿನ ಕಾಟ ಕಡಿಮೆ. ಮೂರರಲ್ಲಿ ಆರಿಸಲು ಅರ್ಧಾಯು ನೋಡಿ: ಡಾರಿಡೊರೆಕ್ಸಾಂಟ್ ಸುಮಾರು 8 ಗಂಟೆ, ಸುವೊರೆಕ್ಸಾಂಟ್ 12, ಲೆಂಬೊರೆಕ್ಸಾಂಟ್ 17ಕ್ಕೂ ಹೆಚ್ಚು. ಬೆಳಗ್ಗೆ ವಾಹನ ಓಡಿಸುವವರಿಗೆ ಮೊದಲನೆಯದು ವಾಸಿ. ನಾರ್ಕೊಲೆಪ್ಸಿ ಇದ್ದವರಿಗೆ ಮೂರೂ ನಿಷಿದ್ಧ. ಕೆಲವರಿಗೆ ಎಚ್ಚರಾದ ಗಳಿಗೆಯಲ್ಲಿ ಮೈ ಅಲುಗಿಸಲಾಗದ ಅನುಭವ ಆಗುತ್ತದೆ. ಮೊದಲೇ ಗೊತ್ತಿದ್ದರೆ ಅಷ್ಟು ಹೆದರಿಕೆ ಆಗದು. ಹಾಗೆ ನೋಡಿದರೆ ದೀರ್ಘಕಾಲದ ನಿದ್ರಾಹೀನತೆಗೆ ಮೊದಲ ಆಯ್ಕೆ ಮಾತ್ರೆಯೇ ಅಲ್ಲ, ನಿದ್ದೆಯ ಅಭ್ಯಾಸಗಳನ್ನು ತಿದ್ದುವ ಅರಿವಿನ-ವರ್ತನಾ ಚಿಕಿತ್ಸೆ.

ಒಂಬತ್ತು ಅಮೈನೋ ಆಮ್ಲದ ಅವಳಿಗಳು

ವ್ಯಾಸೊಪ್ರೆಸಿನ್‌ನ ರಿಪೇರಿಯಾದ ರೂಪ ಡೆಸ್ಮೊಪ್ರೆಸಿನ್. ದಾರಿ ಬದಲಾದರೆ ಡೋಸ್ ಹೇಗೆ ಬದಲಾಗುತ್ತದೆ ನೋಡಿ: ಮೂಗಿನ ಸ್ಪ್ರೇಯ ಒಂದು ಸಿಂಪಡಿಕೆಯಲ್ಲಿ 10 ಮೈಕ್ರೋಗ್ರಾಂ, ಮಾತ್ರೆಯಲ್ಲಿ 100 ಅಥವಾ 200. ಹಾಗಂತ ಸ್ಪ್ರೇ ಮೇಲಲ್ಲ. ಮೂಗಿನಿಂದ ಒಳಹೋಗುವ ಪ್ರಮಾಣ ಏರುಪೇರಾಗಿ, ರಕ್ತದ ಸೋಡಿಯಂ ಕುಸಿದು ಮಕ್ಕಳಿಗೆ ಫಿಟ್ಸ್ ಬಂದದ್ದರಿಂದ, 2007ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಹಾಸಿಗೆ ಒದ್ದೆ ಮಾಡುವುದಕ್ಕೆ ಸ್ಪ್ರೇ ಬೇಡವೆಂದಿತು. ಈ ತೊಂದರೆಗೆ ಮಾತ್ರೆ ಅಥವಾ ನಾಲಿಗೆಯ ಕೆಳಗೆ ಕರಗುವ ರೂಪವನ್ನೇ ಕೇಳಿ. ನುಂಗುವ ಒಂದು ಗಂಟೆ ಮುಂಚಿನಿಂದ ಎಂಟು ಗಂಟೆಯ ತನಕ ನೀರು ಬಹಳ ಮಿತವಾಗಿರಬೇಕು.

ಮಾತ್ರೆಯ ಎದುರಾಳಿ ಇನ್ನೊಂದು ಔಷಧವಲ್ಲ, ಒದ್ದೆಯಾದೊಡನೆ ಸದ್ದು ಮಾಡುವ ಅಲಾರಂ. ಮದುವೆಗೋ ಶಿಬಿರಕ್ಕೋ ಹೋಗುವ ನಾಲ್ಕು ರಾತ್ರಿಗೆ ಮಾತ್ರೆ ತಕ್ಷಣ ಫಲ ಕೊಡುತ್ತದೆ, ಬಿಟ್ಟರೆ ಮೊದಲಿನಂತೆಯೇ. ಅಲಾರಂಗೆ ವಾರಗಟ್ಟಲೆ ಬೇಕು, ಮನೆಮಂದಿಯ ನಿದ್ದೆಯೂ ಕೆಡುತ್ತದೆ. ಆದರೆ ಫಲ ಉಳಿಯುವುದು ಅದರಲ್ಲೇ ಹೆಚ್ಚು. ರಾತ್ರಿ ಪದೇಪದೇ ಮೂತ್ರಕ್ಕೆ ಏಳುವ ಹಿರಿಯರಿಗೂ ಡೆಸ್ಮೊಪ್ರೆಸಿನ್ ಕೊಡುವುದುಂಟು. ಅಲ್ಲಿ ಸೋಡಿಯಂ ಪರೀಕ್ಷೆ ಇಲ್ಲದೆ ಮುಂದುವರಿಯಬೇಡಿ.

ಇನ್ನು ಆಕ್ಸಿಟೋಸಿನ್. ಹೆರಿಗೆ ಕೋಣೆಯಲ್ಲಿ ಅದಕ್ಕೆ ಎದುರಿಲ್ಲ. ಒಂದೇ ತೊಡಕು ಅದನ್ನು 2ರಿಂದ 8 ಡಿಗ್ರಿ ತಣ್ಣಗೆ ಇಡಬೇಕು. ತಣ್ಣಗಿಡುವ ಸೌಕರ್ಯ ಇಲ್ಲದ ಕಡೆ ಹೆರಿಗೆಯಾದ ಮೇಲಿನ ರಕ್ತಸ್ರಾವ ತಡೆಯಲು ಶಾಖ ತಾಳುವ ಕಾರ್ಬೆಟೋಸಿನ್ ಬದಲಿಯಾಗುತ್ತದೆ ಎಂದು ಹತ್ತು ದೇಶಗಳ ಸುಮಾರು 30,000 ತಾಯಂದಿರ ಪ್ರಯೋಗ 2018ರಲ್ಲಿ ತೋರಿಸಿತು. ಆದರೆ ‘ಬಾಂಧವ್ಯ ಬೆಸೆಯುವ’ ಮೂಗಿನ ಸ್ಪ್ರೇ ಬೇರೆ ಮಾತು. ಆಟಿಸಂ ಇರುವ 3ರಿಂದ 17 ವರ್ಷದ 290 ಮಕ್ಕಳಿಗೆ 24 ವಾರ ಅದನ್ನು ಕೊಟ್ಟು ನೋಡಿದರು. 2021ರಲ್ಲಿ ಬಂದ ಫಲಿತಾಂಶದಲ್ಲಿ ಸಾಮಾಜಿಕ ನಡವಳಿಕೆಯಲ್ಲಿ ಪ್ಲಾಸಿಬೊಗಿಂತ ಹೆಚ್ಚಿನ ಲಾಭ ಕಾಣಲಿಲ್ಲ. ಯಾರಾದರೂ ಮಗುವಿಗೆ ಇದನ್ನು ಸೂಚಿಸಿದರೆ ಈ ಪ್ರಯೋಗವನ್ನು ನೆನಪಿಸಿ ಕೇಳಿ.

ನೋವಿಗೆ ಹೊರಟು ವಾಂತಿಗೆ ಮುಟ್ಟಿದ್ದು

ಸಬ್‌ಸ್ಟನ್ಸ್ ಪಿಯನ್ನು 1931ರಲ್ಲಿ ಉಲ್ಫ್ ಫಾನ್ ಆಯ್ಲರ್ ಮತ್ತು ಜಾನ್ ಗ್ಯಾಡಮ್ ಗುರುತಿಸಿದರು. ನೋವಿನ ನರಗಳಲ್ಲಿ ಅದು ಹೇರಳ. ಅದರ ಗ್ರಾಹಕ ಮುಚ್ಚಿದರೆ ನೋವು ಹೋದೀತೆಂದು ಮಾತ್ರೆಗಳು ಬಂದವು. ಪ್ರಾಣಿಗಳಲ್ಲಿ ಫಲ ಕಂಡಿತು, ಮನುಷ್ಯರಲ್ಲಿ ಕಾಣಲಿಲ್ಲ. ಖಿನ್ನತೆಗೆ ಕೊಟ್ಟು ನೋಡಿದರು, ಅಲ್ಲೂ ಸೋಲು. ಕೊನೆಗೆ ಅದೇ ಗುಂಪಿನ ಅಪ್ರೆಪಿಟೆಂಟ್ 2003ರಲ್ಲಿ ಕಿಮೊಥೆರಪಿಯ ವಾಂತಿಗೆ ಔಷಧವಾಯಿತು. ಬಲವಾದ ಕಿಮೊ ಇದ್ದಾಗ ವಾಂತಿ ತಡೆಯುವ ಒಂಡಾನ್ಸೆಟ್ರಾನ್ ಜೊತೆ ಇದೂ ಇದೆಯೇ ಎಂದು ಕೇಳುವುದು ಒಳ್ಳೆಯದು. ಇದೇ ಕುಟುಂಬದ ನ್ಯೂರೊಕೈನಿನ್ ಬಿಯನ್ನು ತಡೆಯುವ ಫೆಜೊಲಿನೆಟೆಂಟ್ 2023ರಿಂದ ಮುಟ್ಟು ನಿಂತವರ ಬಿಸಿಯುಬ್ಬರಕ್ಕೆ ಸಿಗುತ್ತಿದೆ. ಈಸ್ಟ್ರೋಜನ್ ಇಂದಿಗೂ ಹೆಚ್ಚು ಪರಿಣಾಮಕಾರಿ. ಸ್ತನ ಕ್ಯಾನ್ಸರ್, ರಕ್ತ ಹೆಪ್ಪುಗಟ್ಟುವ ತೊಂದರೆಯಿಂದ ಹಾರ್ಮೋನು ತೆಗೆದುಕೊಳ್ಳಲಾಗದವರು ಫೆಜೊಲಿನೆಟೆಂಟ್ ಬಗ್ಗೆ ವೈದ್ಯರೊಡನೆ ಮಾತಾಡಬಹುದು, ಲಿವರ್ ಪರೀಕ್ಷೆಯ ಕಟ್ಟಳೆಯೊಂದಿಗೆ.

ಆನ್‌ಲೈನ್‌ನಲ್ಲಿ ಸಿಗುವ ಬಾಟಲಿಗಳು

‘ಸಂಶೋಧನೆಗೆ ಮಾತ್ರ’ ಎಂದು ಬರೆದ ಪುಟ್ಟ ಬಾಟಲಿಗಳಲ್ಲಿ ಬಿಳಿ ಪುಡಿಯಾಗಿ ಬರುವ ಬಿಪಿಸಿ-157, ಸೆಮ್ಯಾಕ್ಸ್, ಸೆಲ್ಯಾಂಕ್ ಎಂಬ ಪೆಪ್ಟೈಡ್‌ಗಳನ್ನು ಮೇಲಿನವುಗಳ ಸಾಲಿನಲ್ಲಿ ಕೂರಿಸಲು ನನಗೆ ಮನಸ್ಸಿಲ್ಲ, ಆದರೆ ಹೆಚ್ಚು ಜನ ಕೇಳುವುದು ಇವನ್ನೇ. ಸೆಮ್ಯಾಕ್ಸ್ ಎಸಿಟಿಎಚ್‌ನ ಒಂದು ತುಂಡನ್ನು ಆಧರಿಸಿದ ಏಳು ಅಮೈನೋ ಆಮ್ಲದ ಪೆಪ್ಟೈಡ್, ರಷ್ಯಾದಲ್ಲಿ ಮೂಗಿನ ಹನಿಯಾಗಿ ಬಳಕೆಯಲ್ಲಿದೆ. ಅಲ್ಲಿಂದಾಚೆಗೆ ದೊಡ್ಡ, ಸ್ವತಂತ್ರ ಪ್ರಯೋಗಗಳ ಬೆಂಬಲ ಅದಕ್ಕಿಲ್ಲ. ಬಿಪಿಸಿ-157 ಬಗ್ಗೆ ಹೇಳುವ ಗಾಯ ಮಾಯುವ, ಕರುಳು ಸರಿಯಾಗುವ ಕತೆಗಳ ಬಹುಪಾಲು ಇಲಿಗಳದ್ದು. ಹಂದಿಯ ಮಿದುಳಿನಿಂದ ತಯಾರಿಸಿದ ಸೆರೆಬ್ರೊಲೈಸಿನ್‌ಗೆ ಮನುಷ್ಯರ ಪ್ರಯೋಗಗಳಾದರೂ ಇವೆ. ಅವನ್ನೆಲ್ಲ ಒಟ್ಟುಮಾಡಿ ನೋಡಿದ ಕಾಕ್ರೇನ್ ವಿಮರ್ಶೆ, ಪಾರ್ಶ್ವವಾಯುವಿನಲ್ಲಿ ಅದು ಸಾವನ್ನು ಕಡಿಮೆ ಮಾಡುವಂತೆ ಕಾಣುವುದಿಲ್ಲ, ಬದಲಿಗೆ ಸಾವಿಗೆ ದೂಡದ ಗಂಭೀರ ತೊಂದರೆಗಳನ್ನು ಹೆಚ್ಚಿಸಬಹುದು ಎಂದಿತು.

ಮಾರುವವರು ತೋರಿಸುವ ‘ಶೇ 99 ಶುದ್ಧ’ ಎಂಬ ಪತ್ರಕ್ಕೆ ಮರುಳಾಗಬೇಡಿ. ಅದು ಪುಡಿಯ ರಾಸಾಯನಿಕ ಶುದ್ಧತೆಯ ಮಾತು. ಪುಡಿ ಕ್ರಿಮಿರಹಿತವೇ, ಬ್ಯಾಕ್ಟೀರಿಯಾದ ಎಂಡೊಟಾಕ್ಸಿನ್ ಎಂಬ ವಿಷ ಇಲ್ಲವೇ, ಬಾಟಲಿಯಲ್ಲಿ ಬರೆದಷ್ಟೇ ಮಿಲಿಗ್ರಾಂ ಇದೆಯೇ ಎಂಬುದನ್ನು ಅದು ಹೇಳುವುದಿಲ್ಲ. ಚರ್ಮದಡಿಗೆ ಚುಚ್ಚಿಕೊಳ್ಳುವ ವಸ್ತುವಿಗೆ ಇವೇ ಮುಖ್ಯ. ಕುಡಿಯುವ ಪುಡಿಯಾಗಿ ಮಾರುವ ‘ಮಿದುಳಿನ ಪೆಪ್ಟೈಡ್’ಗಳಿಗೆ ಈ ಅಪಾಯವಿಲ್ಲ, ಅವು ಹೊಟ್ಟೆಯಲ್ಲೇ ಅಮೈನೋ ಆಮ್ಲಗಳಾಗಿ ಮುಗಿದುಹೋಗುತ್ತವೆ, ಹಣ ಹೋಗುತ್ತದೆ ಅಷ್ಟೆ. ಈಗಾಗಲೇ ಚುಚ್ಚಿಕೊಳ್ಳುತ್ತಿರುವವರು ಗರ್ಭಧಾರಣೆ, ಶಸ್ತ್ರಚಿಕಿತ್ಸೆ, ಹೊಸ ಔಷಧ ಯಾವುದಕ್ಕೂ ಮುನ್ನ ವೈದ್ಯರಿಂದ ಮುಚ್ಚಿಡಬಾರದು. ಸ್ಪರ್ಧೆಗಳಲ್ಲಿ ಭಾಗವಹಿಸುವವರಿಗೆ ಇನ್ನೊಂದು ಮಾತು: ವಿಶ್ವ ಉದ್ದೀಪನ ಮದ್ದು ತಡೆ ಸಂಸ್ಥೆ ವಾಡಾ 2022ರಿಂದ ಬಿಪಿಸಿ-157ನ್ನು ನಿಷೇಧಿತ ಪಟ್ಟಿಯಲ್ಲಿ ಹೆಸರಿಸಿದೆ, ಸ್ಪರ್ಧೆ ಇಲ್ಲದ ದಿನಗಳಿಗೂ ಆ ನಿಷೇಧ ಅನ್ವಯಿಸುತ್ತದೆ.